ನಾನು ಕಂಡ ಮಚ್ಚು, ವೈದ್ಯರಿಗೆ ಕಾಣದ ಗಾಯ

ಕೊಟ್ರಪ್ಪನ ಕೊಲೆ ಪ್ರಕರಣದ ತನಿಖೆ ನಡೆಸಿದ ಅಧಿಕಾರಿಗಳಿಗೆ,

ಮಾನ್ಯರೇ,

ಕಳೆದ ವಾರ ಆರೋಪಿ ವಸಂತ್ ಬಿಡುಗಡೆಯಾದ. ತೀರ್ಪಿನಲ್ಲಿ ನನಗೆ ಅರ್ಥವಾದದ್ದಿಷ್ಟು: ಪ್ರತ್ಯಕ್ಷ ಸಾಕ್ಷಿ ಹೇಳುವ ಆಯುಧದಿಂದ ವೈದ್ಯರು ಹೇಳುವ ಗಾಯ ಆಗಲು ಸಾಧ್ಯವೇ ಇಲ್ಲ, ಆದ್ದರಿಂದ ಸಂಶಯದ ಲಾಭ ಆರೋಪಿಗೆ. ಆ ಪ್ರತ್ಯಕ್ಷ ಸಾಕ್ಷಿ ನಾನೇ. ಪೀಣ್ಯದ ಗೇರ್ ಕಾರ್ಖಾನೆಯಲ್ಲಿ ಇಪ್ಪತ್ತಾರು ವರ್ಷದಿಂದ ಕ್ವಾಲಿಟಿ ಚೆಕಿಂಗ್ ಮಾಡುವವನು. ಕೂದಲೆಳೆಯಷ್ಟು ತಪ್ಪಿದ ಮಾಲನ್ನೂ ವಾಪಸ್ ಕಳಿಸುವ ಘನವಂತ. ನನ್ನ ಬಾಯಿಂದ ಬಂದ ಮಾಲನ್ನು ಮಾತ್ರ ಪರೀಕ್ಷಿಸದೆ ಪಾಸು ಮಾಡಿದೆ.

ನಡೆದದ್ದು ಮೂರು ವರ್ಷದ ಹಿಂದೆ, ಲಗ್ಗೆರೆಯ ನಮ್ಮ ವಠಾರದಲ್ಲಿ, ಒಂದು ಭಾನುವಾರ ಬೆಳಿಗ್ಗೆ ಏಳಕ್ಕೆ. ಕೊಪ್ಪಳದ ಕಡೆಯಿಂದ ಗಾರೆ ಕೆಲಸಕ್ಕೆ ಬಂದಿದ್ದ ಕೊಟ್ರಪ್ಪ, ಹೆಂಡತಿ ಚನ್ನಕ್ಕನ ಜೊತೆ ಕೆಳಗಿನ ಕೋಣೆಯಲ್ಲಿದ್ದ. ಅಂಗಳದ ಬೋರ್‌ವೆಲ್ ನೀರು ಬಿಡುತ್ತಿದ್ದವನು ಎದುರು ಮನೆಯ ವಸಂತ್. ಚನ್ನಕ್ಕನ ಕೊಡ ಅರ್ಧ ತುಂಬುವುದರೊಳಗೆ ನೀರು ನಿಲ್ಲಿಸಿದ. ಕೊಟ್ರಪ್ಪ ಕೇಳಲು ಹೋದ. ಮಾತಿಗೆ ಮಾತು ಬೆಳೆಯಿತು. ನಾನು ಎರಡನೇ ಮಹಡಿಯಲ್ಲಿ ಹಲ್ಲುಜ್ಜುತ್ತಿದ್ದೆ. ಕನ್ನಡಕ ಒಳಗೆ ಟಿವಿಯ ಮೇಲಿತ್ತು. ವಸಂತನ ಧ್ವನಿ ಕೇಳಿತು, ಕೈ ಎತ್ತಿದ್ದು ಕಂಡಿತು, ಕೊಟ್ರಪ್ಪ ಬಿದ್ದದ್ದು ಕಂಡಿತು. ಕೈಯಲ್ಲಿ ಏನಿತ್ತೆಂದು ಕಾಣಲಿಲ್ಲ. ನಾನು ಕೆಳಗೆ ಓಡಿ ಬಂದಾಗ ವಸಂತ್ ನನ್ನ ಭುಜಕ್ಕೆ ತಾಗಿಕೊಂಡೇ ಗೇಟು ದಾಟಿದ, ಬರಿಗೈಯಲ್ಲಿ. ಇಷ್ಟೇ ನಾನು ಕಂಡ ಸತ್ಯ. ಇಷ್ಟನ್ನೇ ಹೇಳಿದ್ದರೆ ಸಾಕಿತ್ತು.

ಆದರೆ ಠಾಣೆಯಲ್ಲಿ ನೀವು ನನಗೆ ಕುರ್ಚಿ ಹಾಕಿಸಿದಿರಿ, ಕಾಫಿ ತರಿಸಿದಿರಿ. ಅಷ್ಟು ಮರ್ಯಾದೆ ನನಗೆ ಮಾವನ ಮನೆಯಲ್ಲೂ ಸಿಕ್ಕಿರಲಿಲ್ಲ.

“ಯಾವುದ್ರಲ್ಲಿ ಹೊಡ್ದ?” ಎಂದಿರಿ.

“ಸರಿಯಾಗಿ ಕಾಣ್ಲಿಲ್ಲ ಸಾರ್.”

“ಓದಿರೋರು ನೀವೇ ಹಿಂಗಂದ್ರೆ ಹೆಂಗ್ರೀ?” ಎನ್ನುತ್ತ ಆರೋಪಿಯ ಮನೆಯಿಂದ ತಂದಿದ್ದ ಎಳನೀರಿನ ಮಚ್ಚನ್ನು ಮೇಜಿನ ಮೇಲೆ ಮುಂದೆ ಸರಿಸಿದಿರಿ. “ಇದೇ ತಾನೇ?”

ಓದಿದವನು ಎನ್ನಿಸಿಕೊಂಡ ಮೇಲೆ ಕಾಣಲಿಲ್ಲ ಎನ್ನುವುದು ಹೇಗೆ? “ಇದೇ ಇರ್ಬೇಕು ಸಾರ್” ಎಂದೆ. ರೈಟರ್ ಟೈಪ್ ಮಾಡುವಷ್ಟರಲ್ಲಿ ‘ಇರ್ಬೇಕು’ ಉದುರಿಹೋಗಿತ್ತು. ಮೂರು ಏಟುಗಳು ಸೇರಿಕೊಂಡಿದ್ದವು. ಓದಿ ಹೇಳಿದಾಗ ಗಂಭೀರವಾಗಿ ತಲೆಯಾಡಿಸಿದೆ. ಬಾಗಿಲ ಬಳಿ ನೆಲದ ಮೇಲೆ ಕೂತಿದ್ದ ಚನ್ನಕ್ಕ, “ಮಚ್ಚಲ್ರೀ ಸಾಹೇಬ್ರ, ಕಬ್ಬಿಣದ ಪೈಪಿಲೆ ಹೊಡದಾನ. ಮೋರ್ಯಾಗ ಒಗದು ಓಡ್ಯಾನ್ರಿ” ಎಂದಳು. “ಇವ್ರು ಮಚ್ಚು ಅಂತಿದಾರೆ, ನಿಂದೇನಮ್ಮ ಬೇರೆ?” ಎಂದು ನೀವು ಗದರಿದಿರಿ. ಅವಳ ಹೇಳಿಕೆಯಲ್ಲೂ ಮಚ್ಚೇ ಬಂತು. ನಾನು ಕಾಫಿ ಮುಗಿಸಿದೆ.

ಆಮೇಲೆ ಮೂರು ವರ್ಷ ಆ ಕಥೆಯನ್ನು ಕಾರ್ಖಾನೆಯಲ್ಲಿ, ಟೀ ಅಂಗಡಿಯಲ್ಲಿ, ಎರಡು ಮದುವೆಗಳಲ್ಲಿ ಹೇಳಿದೆ. ಹೇಳುತ್ತಾ ಹೇಳುತ್ತಾ ಮಚ್ಚು ನನಗೇ ಕಾಣತೊಡಗಿತು. ಸಾಕ್ಷಿಕಟ್ಟೆಯಲ್ಲಿ ನಿಂತು, ಅದರ ಅಲಗು ಬಿಸಿಲಿಗೆ ಮಿನುಗಿತು ಎಂದು ಯಾರೂ ಕೇಳದೆಯೇ ಸೇರಿಸಿದೆ. ನಮ್ಮ ವಠಾರದ ಅಂಗಳಕ್ಕೆ ಹತ್ತು ಗಂಟೆಯವರೆಗೆ ಬಿಸಿಲೇ ಬೀಳುವುದಿಲ್ಲ, ಸ್ವಾಮಿ! ನಂತರ ಶವಪರೀಕ್ಷೆ ಮಾಡಿದ ವೈದ್ಯೆ ಬಂದರು. ಕೊಯ್ದ ಗಾಯ ಒಂದೂ ಇಲ್ಲ, ಮೊಂಡಾದ ಭಾರದ ವಸ್ತುವಿನ ಒಂದೇ ಏಟಿಗೆ ತಲೆಬುರುಡೆ ಒಡೆದಿದೆ ಎಂದರು. ಆಮೇಲೆ ಬಂದ ಚನ್ನಕ್ಕ ಪೈಪು ಎಂದೇ ಹೇಳಿದಳು. ಆರೋಪಿ ಪರ ವಕೀಲರು ನೀವು ಬರೆದುಕೊಂಡ ಹೇಳಿಕೆಯನ್ನು ತೋರಿಸಿ, “ಆಗ ಮಚ್ಚು, ಈಗ ಪೈಪು. ಡಾಕ್ಟರ್ ಹೇಳಿದ್ಮೇಲೆ ನೆನಪಾಯ್ತೇನಮ್ಮ?” ಎಂದರು. ಇಡೀ ಕೋರ್ಟಿನಲ್ಲಿ ಕಣ್ಣಾರೆ ಕಂಡು ನಿಜ ಹೇಳಿದ ಒಬ್ಬಳೇ ಸಾಕ್ಷಿ ಸುಳ್ಳುಗಾರ್ತಿಯಾದಳು.

ಶವಪರೀಕ್ಷೆಯ ವರದಿ ಹತ್ತೇ ದಿನದಲ್ಲಿ ನಿಮ್ಮ ಕೈಸೇರಿತ್ತು ಎಂದು ತೀರ್ಪಿನಲ್ಲಿದೆ. ಓದಿದಿರಾ? ಓದಿದ್ದರೆ ನನ್ನನ್ನು ಮತ್ತೆ ಕರೆಸಿ, ಏನಯ್ಯಾ ಇದು ಎಂದು ಏಕೆ ಕೇಳಲಿಲ್ಲ? ಮೋರಿಗೆ ಒಬ್ಬ ಪೇದೆಯನ್ನಾದರೂ ಏಕೆ ಇಳಿಸಲಿಲ್ಲ? ಆಯುಧ ಸಿಕ್ಕಾಗಿದೆ, ಸಾಕ್ಷಿ ಒಪ್ಪಿಯಾಗಿದೆ, ಇನ್ನು ಸತ್ತವನ ತಲೆ ಏನು ಹೇಳಿದರೇನು ಎಂದೇ?

ತೀರ್ಪಿನ ದಿನ ಕೋರ್ಟಿನ ಮೆಟ್ಟಿಲ ಮೇಲೆ ಚನ್ನಕ್ಕನಿಗೆ ಸಮಾಧಾನ ಹೇಳಲು ಹೋದೆ. ಅವಳು ಬೈಯಲಿಲ್ಲ. “ಕಾಣ್ಲಿಲ್ಲ ಅಂತ ಒಂದ್ ಮಾತ್ ಅಂದಿದ್ರ ಸಾಕಿತ್ತಲ್ರಿ ಅಣ್ಣಾರ” ಎಂದಳು, ಅಷ್ಟೇ. ಬಸ್ಸಿನಲ್ಲಿ ಅವಳ ಹಿಂದಿನ ಸೀಟಿನಲ್ಲೇ ಕೂತು ಬಂದೆ.

ಮರುದಿನ ಅವಳನ್ನು ಉಚಿತ ಕಾನೂನು ನೆರವಿನ ಕಚೇರಿಗೆ ಕರೆದುಕೊಂಡು ಹೋದೆ. ಮೇಲ್ಮನವಿ ಸಿದ್ಧವಾಗುತ್ತಿದೆ. ನನ್ನ ಬೇಡಿಕೆ ಇಷ್ಟು: ಚನ್ನಕ್ಕ ಮೊದಲ ದಿನವೇ ಪೈಪು ಎಂದಿದ್ದಳೆಂದು ನೀವೂ ಪ್ರಮಾಣಪತ್ರ ಕೊಡಬೇಕು. ಇನ್ನು ಮುಂದೆ ಸಾಕ್ಷಿ ಕಾಣಲಿಲ್ಲ ಎಂದರೆ ಕಾಣಲಿಲ್ಲ ಎಂದೇ ಬರೆಸಬೇಕು. ನನ್ನ ಪ್ರಮಾಣಪತ್ರ ಆಗಲೇ ಕೊಟ್ಟಿದ್ದೇನೆ. ಇದರಿಂದ ನನ್ನ ಮೇಲೆ ಸುಳ್ಳು ಸಾಕ್ಷ್ಯದ ಕೇಸು ಬೀಳಬಹುದು ಎಂದು ವಕೀಲರು ಎಚ್ಚರಿಸಿದ್ದಾರೆ. ಬೀಳಲಿ. ಆ ಒಂದು ಕೇಸಿನಲ್ಲಾದರೂ ಸಾಕ್ಷಿಯ ಮಾತಿಗೂ ದಾಖಲೆಗೂ ಯಾವ ವಿರೋಧವೂ ಇರುವುದಿಲ್ಲ.

ಇಂತಿ,
ಸರ್ಕಾರದ ಪರ ಎರಡನೇ ಸಾಕ್ಷಿ, ಆರೋಪಿಯ ಪಾಲಿನ ಮೊದಲ ಉಪಕಾರಿ,
ಶಶಿಕುಮಾರ್
ಲಗ್ಗೆರೆ