ಟೇಪಿನಲ್ಲಿ ಅಳೆದ ಸಮುದ್ರ

ತಮ್ಮಾ,

ನೀನು ಸತ್ತು ಎಂಟು ತಿಂಗಳಾಯಿತು. ಈ ಕಾಗದವನ್ನು ಓದುವವರಿಲ್ಲ ಎಂದು ಗೊತ್ತು, ಆದರೂ ಸುದ್ದಿಯನ್ನು ನಿನಗೇ ಹೇಳಬೇಕು. ನಮ್ಮ ಹಡಗಿನ ವ್ಯಾಪಾರದ ಆಟದಲ್ಲಿ ಮುಖ್ಯ ನೆಲೆಯನ್ನು ಇವತ್ತು ಉಪ್ಪಿನ ದ್ವೀಪದಿಂದ ಎತ್ತಿ, ನದಿ ಸಮುದ್ರ ಸೇರುವ ಬಂದರಿಗೆ ಸಾಗಿಸಿದೆ.

ನನ್ನ ಹೊಲಿಗೆ ಅಂಗಡಿಯ ಮೂಲೆಯಲ್ಲಿ ನಿನ್ನ ಹಳೇ ಕಂಪ್ಯೂಟರಿನ ಮುಂದೆ ಎಷ್ಟು ಮಧ್ಯಾಹ್ನ ಕೂತಿದ್ದೆವೋ. ನಾಲ್ಕನೇ ಕ್ಲಾಸಿಗೇ ಶಾಲೆ ಬಿಟ್ಟವಳು ನಾನು. ಪರದೆಯ ಮೇಲಿನ ಇಂಗ್ಲಿಷನ್ನೆಲ್ಲ ನೀನೇ ಓದಿ ಹೇಳುತ್ತಿದ್ದೆ. ನಾನು ಹೊಲಿಗೆಯ ಟೇಪನ್ನು ಪರದೆಗೆ ಹಿಡಿದು ಹಡಗಿನ ದಾರಿ ಅಳೆದರೆ, “ಸಮುದ್ರಕ್ಕೂ ಅಂಗಿ ಹೊಲೀತೀಯೇನಕ್ಕಾ?” ಎಂದು ನೀನು ನಗುತ್ತಿದ್ದೆ. ನಮ್ಮ ಮೊದಲನೇ ಹಡಗಿಗೆ ನನ್ನ ಅಡ್ಡಹೆಸರನ್ನೇ ಇಟ್ಟೆಯಲ್ಲೋ ಕತ್ತೆ, ‘ಸಿಡುಕಿ’ ಅಂತ.

ನೆಲೆ ಬದಲಿಸೋಣ ಎಂದು ನೀನು ಕೊನೆಯ ಸಲ ಕೇಳಿದಾಗ, “ನಾವು ಕಟ್ಟಿದ ಮೊದಲನೇ ಉಗ್ರಾಣ ಬಿಟ್ಟು ನಾನೆಲ್ಲಿಗೂ ಬರಲ್ಲ, ಹೋಗೋ!” ಎಂದು ರೇಗಿದೆ.

“ಒಂದ್ಸಲ ಅಳೆದಾದ್ರೂ ನೋಡಕ್ಕಾ” ಎಂದೆ ನೀನು. ನಾನು ಟೇಪು ಬಿಸಾಡಿ ಎದ್ದೆ. ಮರುವಾರವೇ ನೀನು ಆಸ್ಪತ್ರೆ ಸೇರಿದೆ.

ಇವತ್ತು ಅಳೆದೆ. ಹೊಸ ಬಂದರಿನಿಂದ ಎಲ್ಲ ದಾರಿಯೂ ಎರಡೆರಡು ಇಂಚು ಕಮ್ಮಿ. ಉಪ್ಪು, ಉಣ್ಣೆ, ಮರ ಎಲ್ಲವನ್ನೂ ಆರು ಹಡಗಿಗೆ ತುಂಬಿದೆ. ಆಟ ಏನೋ ಕೇಳಿತು. ಓದಿ ಹೇಳಲು ನೀನಿರಲಿಲ್ಲ. ಹೂಂ ಎಂದುಕೊಂಡು ಒತ್ತಿದೆ.

ಸಿಡುಕಿಯನ್ನು ಮಾತ್ರ ಹಳೆಯ ಉಗ್ರಾಣದ ಮುಂದೆಯೇ ನಿಲ್ಲಿಸಿದ್ದೇನೆ. ಅದಕ್ಕೆ ಸರಕೂ ಇಲ್ಲ, ಕೆಲಸವೂ ಇಲ್ಲ. ನೀನೇನಾದರೂ ದಾರಿ ಗೊತ್ತಿಲ್ಲದೆ ಅಲ್ಲಿಗೇ ಹೋದರೆ, ಒಬ್ಬರಾದರೂ ಇರಬೇಕಲ್ಲ.