ತಂತಿ ಕಿತ್ತ ಮೈಕಿನ ಮುಂದೆ

ಅಮ್ಮಾ,

ಲಂಡನ್ನಿನ ಈ ಹೊಸ ಸ್ಟುಡಿಯೋಗೆ ಕಿಟಕಿಯೇ ಇಲ್ಲ, ಹೊರಗೆ ಬಿಸಿಲೋ ಮಳೆಯೋ ತಿಳಿಯದು. ನಿನ್ನೆ ನನ್ನ ಕಾರ್ಯಕ್ರಮಕ್ಕೆ ನಮ್ಮೂರು ಗ್ರಿಮ್ಸ್‌ಬಿಯ ಹಾಡುಗಾರ ಡೆಸ್ಮಂಡ್ ಪ್ರೌಟ್ ಬಂದಿದ್ದ. ನೀನೂ ಅಪ್ಪನೂ ಬಂದರಿನ ಕ್ಲಬ್ಬಿನಲ್ಲಿ ಕುಣಿದದ್ದು ಅವನ ಹಾಡಿಗೇ. ಟೀವಿಯ ಪದ್ಧತಿ ಗೊತ್ತಲ್ಲ, ನಾವು ಹಳೆಯ ರೆಕಾರ್ಡ್ ಹಾಕುತ್ತೇವೆ, ಹಾಡುಗಾರ ಬಾಯಿ ಆಡಿಸಬೇಕು. “ಮುದುಕನ ಉಬ್ಬಸ ಯಾರಿಗೆ ಬೇಕಮ್ಮಾ?” ಎಂದ ನಮ್ಮ ದೊಡ್ಡ ಸಾಹೇಬ. ಪ್ರೊಡ್ಯೂಸರ್ ಅನ್ನಿಸಿಕೊಂಡ ನಾನು ತೆಪ್ಪಗೆ ಮೈಕಿನ ತಂತಿ ಕೀಳಿಸಿದೆ.

ಡೆಸ್ಮಂಡ್ ನಕ್ಕ. “ಏನಮ್ಮಾ, ಉಸಿರಿಲ್ಲದ ಹಾಡು ಹೆಣ ಅಂತ ಪತ್ರಿಕೇಲಿ ಬರೀತಿದ್ದೋಳು ನೀನೇ ಅಲ್ವಾ? ಈಗ ಮೀನಿನ ಥರ ಬಾಯಿ ಬಿಡು ಅಂತೀಯ?”

ರೆಕಾರ್ಡ್ ಶುರುವಾಯಿತು. ಆ ಪುಣ್ಯಾತ್ಮ ಸತ್ತ ಮೈಕಿನ ಮುಂದೆ ನಿಂತು ನಿಜವಾಗಿಯೇ ಹಾಡಿಬಿಟ್ಟ. ದನಿ ಒಡೆದಿತ್ತು, ಆದರೂ ರೆಕಾರ್ಡಿಗಿಂತ ಎಷ್ಟೋ ಚೆನ್ನಾಗಿತ್ತು. ಕೇಳಿಸಿದ್ದು ಕ್ಯಾಮೆರಾದ ಪಕ್ಕ ನಿಂತಿದ್ದ ನಮಗಷ್ಟೆ. ಪ್ರೇಕ್ಷಕರ ಚಪ್ಪಾಳೆ ಬಿದ್ದದ್ದು ರೆಕಾರ್ಡಿಗೆ.

ನನ್ನ ಕೆಮ್ಮು ವಾಸಿ. ನಿನ್ನ ಮಂಡಿನೋವಿಗೆ ಮುಲಾಮು ಬೇರೆ ಅಂಚೆಯಲ್ಲಿ ಕಳಿಸಿದ್ದೇನೆ. ಈ ಕಾರ್ಡಿನಲ್ಲಿ ಜಾಗ ಮುಗಿಯಿತು. ಶನಿವಾರ ಈ ಕಾರ್ಯಕ್ರಮ ಬಂದಾಗ ಟೀವಿಯ ಸದ್ದು ಪೂರ್ತಿ ಇಳಿಸಿ, ಅವನ ಕತ್ತಿನ ನರಗಳನ್ನು ನೋಡು.

ಮೊರಿನ್