ಸಾವಿರದ ಇನ್ನೂರು ಚಪಾತಿಯ ಹಾಳೆ

ಗುಬ್ಬಿ
ಶುಕ್ರವಾರ, 12-11-2004

ಪ್ರೀತಿಯ ತಮ್ಮ ಅರ್ಫಾತನಿಗೆ ನಿನ್ನ ಜುಬೇದಾ ಆಪಾಳ ಸಲಾಂ.

ಹೇಗಿದ್ದೀಯಪ್ಪಾ? ಮೈಗೆ ಹುಷಾರಾಗಿದ್ದೀಯಾ? ಊಟ, ನಿದ್ದೆ ಸರಿಯಾಗಿ ಆಗುತ್ತಿದೆಯಾ? ಇಷ್ಟು ದಿನ ಈ ಮಾತುಗಳನ್ನು ವಾಡಿಕೆಗೆ ಬರೆಯುತ್ತಿದ್ದೆ. ಈ ಸಲ ಒಂದೊಂದಕ್ಕೂ ಉತ್ತರ ಬೇಕೆಂದೇ ಕೇಳುತ್ತಿದ್ದೇನೆ. ನಿನ್ನ ಫೋನ್ ಬಂದು ಇಪ್ಪತ್ತೆರಡು ದಿನವಾಯಿತು. ಎದುರು ಮನೆಯ ಮಹಾಲಕ್ಷ್ಮಮ್ಮನವರಲ್ಲಿ ಫೋನ್ ರಿಂಗಾದರೆ ಸಾಕು, ಅಮ್ಮಿ ಇಲ್ಲಿ ಎದ್ದು ನಿಲ್ಲುತ್ತಾಳೆ. ಅವರು ಕರೆಯದಿದ್ದರೆ ಏನೋ ಕೆಲಸಕ್ಕೆ ಎದ್ದವಳ ಹಾಗೆ ಸೆರಗು ಸರಿಮಾಡಿಕೊಂಡು ಮತ್ತೆ ಕೂರುತ್ತಾಳೆ. ಉಳಿದಂತೆ ಎಲ್ಲರೂ ಕ್ಷೇಮ. ಅಮ್ಮಿ ಬಿ.ಪಿ. ಮಾತ್ರೆ ತಪ್ಪಿಸಿಲ್ಲ. ಬಸುರಿ ಅಂಬ್ರೀನ್‌ಗೆ ಏಳು ತಿಂಗಳು ತುಂಬಿತು. ಕಾಲು ಸ್ವಲ್ಪ ಊದಿದೆ, ಗಾಬರಿಯಾಗುವಂಥದ್ದೇನಿಲ್ಲ ಎಂದು ಡಾಕ್ಟರು ಹೇಳಿದ್ದಾರೆ. ನಾನು ಮಂಗಳವಾರ ಕುಣಿಗಲ್‌ನಿಂದ ಇಲ್ಲಿಗೆ ಬಂದೆ, ಈದ್ ಮುಗಿಸಿಕೊಂಡೇ ಹೋಗುವುದು. ಇವತ್ತು ದೀಪಾವಳಿ. ಬೀದಿಯ ತುಂಬಾ ಪಟಾಕಿ. ಒಂದೊಂದು ಸದ್ದಿಗೂ ನನ್ನ ಪೆನ್ನು ನಿಲ್ಲುತ್ತದೆ. ಅಕ್ಷರ ವಕ್ರವಾಗಿದ್ದರೆ ನಗಬೇಡ.

ಅಂಬ್ರೀನ್ ಆಸೆಪಟ್ಟು ಕೇಳಿದ ಸಿಹಿತಿಂಡಿಯ ವಿಧಾನ ನನ್ನ ಕೈ ಸೇರಿತು. ನಿನ್ನ ಕಂಪನಿಯ ಡ್ರೈವರ್, ಅಮೃತೂರಿನ ಗಂಗಹನುಮಯ್ಯ, ಹಬ್ಬದ ರಜೆಗೆ ಬಂದವನು ಕುಣಿಗಲ್ ಬಸ್‌ಸ್ಟ್ಯಾಂಡಿನಲ್ಲಿ ತಂದುಕೊಟ್ಟ. ನನ್ನ ತಮ್ಮ ಹೇಗಿದ್ದಾನಪ್ಪಾ ಎಂದರೆ "ಚೆನ್ನಾಗವ್ನೆ ಬುಡಕ್ಕ, ಏನೂ ತೊಂದ್ರೆ ಇಲ್ಲ" ಎಂದ. ಕುವೈತಿನಲ್ಲಿ ಯಾವ ಹೋಟೆಲು, ದೊಡ್ಡದಾ ಎಂದು ಕೇಳಿದೆ. "ಹೋಟ್ಲಲ್ಲಕ್ಕ..." ಎಂದವನು ನಾಲಿಗೆ ಕಚ್ಚಿಕೊಂಡು, "ಊಂ, ಹೋಟ್ಲೇ, ಹೋಟ್ಲೇ" ಎಂದ. ಬಸ್ಸು ಹೊರಡೋದಕ್ಕೆ ಇನ್ನೂ ಕಾಲು ಗಂಟೆ ಇದ್ದರೂ ಓಡಿಹೋಗಿ ಹತ್ತಿ ಕೂತುಬಿಟ್ಟ. ಅವನು ಒಮ್ಮೆಯೂ ನನ್ನ ಮುಖ ನೋಡಲಿಲ್ಲ.

ಹಾಳೆಯನ್ನು ನಾನು ತುಮಕೂರಿನ ಬಸ್ಸಿನಲ್ಲಿ ಬಿಡಿಸಿದೆ. ಅಲ್ಲಾ ಕಣೋ, ಹೆಂಡತಿ ಕೇಳಿದ್ದಾಳೆ ಎಂದು ಕೆಲಸದ ನೋಟ್‌ಬುಕ್ಕಿನ ಹಾಳೆಯನ್ನೇ ಹರಿದು ಕಳಿಸುತ್ತಾರಾ ಯಾರಾದರೂ? "ಟಾರ್ಟಿಲ್ಲಾ 1200" ಎಂದು ಬರೆದು, "ಅಂದರೆ ನಮ್ಮ ಮೈದಾ ಚಪಾತಿಯೇ" ಎಂದು ಪಕ್ಕದಲ್ಲಿ ಅಂಬ್ರೀನ್‌ಗಾಗಿ ಸೇರಿಸಿದ್ದೀಯ. ಸೇಬು ನಾನೂರು. ಸಕ್ಕರೆ ಇಪ್ಪತ್ತೈದು ಕೆ.ಜಿ., ಬೆಣ್ಣೆ ಹನ್ನೆರಡು ಕೆ.ಜಿ. ಮೊದಲ ಶಿಫ್ಟಿಗೆ ಆರುನೂರು ಜನ. ಮೊದಲು ನನಗೆ ನಗು ಬಂತು. ನಿನಗೆ ಲೆಕ್ಕ ಹೇಳಿಕೊಟ್ಟವಳು ನಾನೇ ಅಲ್ಲವಾ, ಎಲ್ಲವನ್ನೂ ನೂರರಿಂದ ಭಾಗಿಸುತ್ತಾ ಕೂತೆ. ಹನ್ನೆರಡು ಚಪಾತಿ, ನಾಲ್ಕು ಸೇಬು, ಕಾಲು ಕೆ.ಜಿ. ಸಕ್ಕರೆ. ಹೆಬ್ಬೂರು ದಾಟುವ ಹೊತ್ತಿಗೆ ಹಾಳೆಯ ಕೆಳಗಿನ ಸಾಲಿಗೆ ಬಂದೆ. "ಸೈರನ್ ಆದರೆ ಮೊದಲು ಟ್ರೇಗಳನ್ನು ಹೊರಗೆ ತೆಗೆದಿಡಬೇಕು, ಆಮೇಲೆ ಬಂಕರಿಗೆ ಓಡಬೇಕು. ಬಿಟ್ಟರೆ ತಳ ಹಿಡಿಯುತ್ತದೆ." ಅದನ್ನು ಎಷ್ಟು ಸಲ ಓದಿದೆನೋ. ತುಮಕೂರಿನಲ್ಲಿ ಎಲ್ಲರೂ ಇಳಿದ ಮೇಲೂ ನಾನು ಕೂತೇ ಇದ್ದೆ. ಕಂಡಕ್ಟರು ಬಂದು, "ಯಾಕಕ್ಕ, ಮೈಗುಷಾರಿಲ್ವಾ?" ಎಂದು ಕೇಳಿದ.

ಯಾವ ಹೋಟೆಲಿನಲ್ಲಿ ಅರ್ಫಾತ್, ಅಡುಗೆಯವರು ಬಂಕರಿಗೆ ಓಡುತ್ತಾರೆ? ನೀನು ಗಡಿ ದಾಟಿ ಇರಾಕಿಗೆ, ಅಮೆರಿಕದವರ ಮಿಲಿಟರಿ ಕ್ಯಾಂಪಿಗೆ ಹೋಗಿದ್ದೀಯ. ಇಲ್ಲ ಎಂದು ಬರೆಯಬೇಡ, ನಾನು ನಂಬುವುದಿಲ್ಲ. ಮೊನ್ನೆ ಮೊನ್ನೆ ನಮ್ಮ ದೇಶದ ಡ್ರೈವರುಗಳನ್ನು ಅಲ್ಲಿ ಹಿಡಿದಿಟ್ಟುಕೊಂಡಾಗ ಟೀವಿಯಲ್ಲಿ ದಿನವೂ ಅವರ ಅಮ್ಮಂದಿರ ಮುಖ ತೋರಿಸುತ್ತಿದ್ದರು. ಆಗ ನಮ್ಮ ಅಮ್ಮಿ, ಪಾಪ, "ನಮ್ ಅರ್ಫಾತ್ ಹೋಟ್ಲಲ್ಲವ್ನೆ, ದೇವ್ರು ದೊಡ್ಡೋನು" ಎಂದು ಮಹಾಲಕ್ಷ್ಮಮ್ಮನವರಿಗೆ ಹೇಳುತ್ತಿದ್ದಳು. ನನಗೆ ಕೋಪ ಬಂದಿದೆ. ಕೋಪಕ್ಕಿಂತ ಹೆಚ್ಚು ಭಯವಾಗಿದೆ. ಆ ಊರಿನಲ್ಲಿ ಬಾಂಬು ಬೀಳುತ್ತದೆ ಎನ್ನುವುದಕ್ಕಿಂತಲೂ, ಬೀಳುವ ಹೊತ್ತಿನಲ್ಲಿ ನೀನು ಟ್ರೇ ತೆಗೆಯುತ್ತಾ ನಿಂತಿರುತ್ತೀಯ ಎನ್ನುವುದೇ ನನ್ನ ಭಯ. ಬೇರೆ ಯಾರಾದರೂ ಆಗಿದ್ದರೆ ಹಾಗೆ ಬರೆದರೂ ಓಡಿಹೋಗಿರುತ್ತಾನೆ ಎಂದು ಸಮಾಧಾನ ಮಾಡಿಕೊಳ್ಳುತ್ತಿದ್ದೆ. ನಿನ್ನನ್ನು ನಾನು ಬಲ್ಲೆನಲ್ಲ.

ಆರು ವರ್ಷದ ಹಿಂದೆ, ಇದೇ ರಂಜಾನಿನಲ್ಲಿ, ಶಿವರಾಮಯ್ಯನವರ ಬೇಕರಿಗೆ ಬೆಂಕಿ ಬಿದ್ದದ್ದು ನೆನಪಿದೆಯಾ? ನೀನು ಆಗ ಅಲ್ಲಿ ಬಟ್ಟಿ ನೋಡಿಕೊಳ್ಳುತ್ತಿದ್ದೆ. ಈದ್‌ಗೆ ಮೊದಲು ನಮ್ಮ ಮೊಹಲ್ಲಾದ ಮನೆಮನೆಯಿಂದಲೂ ನಾನ್‌ಖಟಾಯಿಯ ಹಿಟ್ಟು ಕಲಸಿ, ಬಿಲ್ಲೆ ಮಾಡಿ, ಟ್ರೇಗಳಲ್ಲಿ ಜೋಡಿಸಿ ಆ ಬಟ್ಟಿಗೇ ಬೇಯಿಸಲು ತರುವುದು ತಾನೇ? ಕಿಡಿ ಹಾರಿ ಖಾಲಿ ಚೀಲಗಳ ರಾಶಿ ಹೊತ್ತಿಕೊಂಡಾಗ ಎಲ್ಲರೂ ಹೊರಗೆ ಓಡಿದರು, ನೀನೂ ಓಡಿದೆ. ಆದರೆ ಎರಡು ಸಲ ಮತ್ತೆ ಒಳಗೆ ಹೋದೆ, ಯಾರದೋ ಮನೆಯ ನಾನ್‌ಖಟಾಯಿಗಾಗಿ. ಮಣಿಕಟ್ಟಿನಿಂದ ಮೊಣಕೈವರೆಗೆ ಸುಟ್ಟುಕೊಂಡು ಬಂದೆ. ಶಿವರಾಮಯ್ಯನವರು ಅಷ್ಟು ಜನರ ಮುಂದೆ, "ಟ್ರೇ ಬುಟ್ಟು ಬರ್ಲಿಲ್ಲ ನೋಡಿ, ಇವ್ನು ಕಣ್ರೀ ಬೇಕರಿಯೋನು ಅಂದ್ರೆ" ಎಂದರು. ಅಮ್ಮಿ ಆ ಮಾತನ್ನು ಬೀದಿಗೆಲ್ಲಾ ಹೇಳಿಕೊಂಡು ಬಂದಳು. ನಿನ್ನ ಕೈಗೆ ಮುಲಾಮು ಹಚ್ಚುತ್ತಾ ನಾನೂ ಹೊಗಳಿದೆ. ಎರಡು ಏಟು ಕೊಡಬೇಕಾಗಿತ್ತು.

ತುಮಕೂರು ಬಸ್‌ಸ್ಟ್ಯಾಂಡಿನ ಹತ್ತಿರ ಅಮ್ಮಿಯ ಮಾತ್ರೆ ಕೊಂಡೆ. ಅಲ್ಲೇ ಬೆಂಚಿನ ಮೇಲೆ ಕೂತು ಬೇರೆ ಕಾಗದದಲ್ಲಿ ಹನ್ನೆರಡು ಚಪಾತಿಯ ಅಳತೆ ಬರೆದುಕೊಂಡೆ. ಸೈರನ್ ಸಾಲು ಬಿಟ್ಟೆ. ನಿನ್ನ ಹಾಳೆಯನ್ನು ಮಡಿಸಿ ಮಾತ್ರೆಯ ಜೊತೆ ಪರ್ಸಿನಲ್ಲಿಟ್ಟೆ. ಅಂಬ್ರೀನ್ ಕೇಳಿದಾಗ, "ಅವನ ಕೋಳಿಕಾಲು ಅಕ್ಷರ ನಿನಗೆ ತಿಳಿಯಲ್ಲ, ಅದಕ್ಕೇ ಚೆನ್ನಾಗಿ ಬರೆದು ತಂದೆ" ಎಂದೆ. "ಆಪಾ, ಅವ್ರ ಅಕ್ಷರನೇ ಕೊಡಿ, ಇಟ್ಕೊತೀನಿ" ಎಂದು ಎರಡು ಸಲ ಕೇಳಿದಳು. ಬಸ್ಸಿನಲ್ಲಿ ಕಳೆದುಹೋಯಿತು ಎಂದು ಸುಳ್ಳು ಹೇಳಿದೆ. ನಿನ್ನ ಸುಳ್ಳಿನ ಮೇಲೆ ನನ್ನದೂ ಒಂದು.

ಇನ್ನು ತಿಂಡಿಯ ಸಮಾಚಾರ ಕೇಳು. ಬುಧವಾರ ನಾನು ಹೋಗಿ ಸೇಬು ತಂದೆ. ನಿನ್ನೆ ಬೆಳಿಗ್ಗೆ ಚಪಾತಿ ಲಟ್ಟಿಸಿ, ದಿನದ ಹಾಗೆ ಉಬ್ಬುವ ತನಕ ಸುಟ್ಟೆ. ಸುರುಳಿ ಸುತ್ತಲು ಹೋದರೆ ಹಪ್ಪಳದ ಹಾಗೆ ಮುರಿಯಿತು. ಅಮ್ಮಿ ನನ್ನನ್ನು ಆಚೆ ತಳ್ಳಿ, ಅರೆಬರೆ ಬೇಯಿಸಿ, ಒದ್ದೆ ಬಟ್ಟೆ ಮುಚ್ಚಿಟ್ಟು ಹೊಸದಾಗಿ ಹನ್ನೆರಡು ಮಾಡಿದಳು. ಸೇಬಿನ ಹೋಳನ್ನು ದಾಲ್ಚಿನ್ನಿ ಪುಡಿಯಲ್ಲಿ ಬಾಡಿಸಿ ಒಳಗಿಟ್ಟು ಸುತ್ತಿದೆವು. ಟ್ರೇಗೆ ಆರರ ಹಾಗೆ ಜೋಡಿಸಿ, ಬೆಣ್ಣೆ ಸಕ್ಕರೆ ನೀರು ಕುದಿಸಿದ ಪಾಕ ಸುರಿದು ಅರ್ಧ ಗಂಟೆ ನೆನೆಯಲು ಬಿಟ್ಟೆವು. ಮಧ್ಯಾಹ್ನ ಮೂವರೂ ಬೇಕರಿಗೆ ಹೊತ್ತುಕೊಂಡು ಹೋದರೆ ಅಲ್ಲಿ ನಾನ್‌ಖಟಾಯಿ ಟ್ರೇಗಳ ಸಾಲೋ ಸಾಲು. ನಮಗೆ ರೋಜಾ, ನಾಲಿಗೆಗೆ ಮುಟ್ಟಿಸುವಂತಿಲ್ಲ. ಬಸುರಿಗೆ ರೋಜಾ ಇಲ್ಲವಲ್ಲ, ಮೊದಲ ಟ್ರೇ ಹೊರಬಂದ ತಕ್ಷಣ ಅಂಬ್ರೀನ್ ಊದಿ ಊದಿ ಎರಡು ತಿಂದಳು. ಅಂಚು ಕರುಂ ಎನ್ನುತ್ತದಂತೆ, ಒಳಗೆ ಹಲ್ವದ ಹಾಗೆ ಮೆತ್ತಗಂತೆ. ತಿನ್ನುತ್ತಾ ತಿನ್ನುತ್ತಾ ಕಣ್ಣಲ್ಲಿ ನೀರು ತಂದುಕೊಂಡು, "ದಿನಾ ಅವ್ರು ಇದನ್ನ ಎಷ್ಟ್ ಜನಕ್ಕೆ ಮಾಡ್ತಾರೋ" ಎಂದಳು. ಆರುನೂರು ಎಂದು ನನ್ನ ಬಾಯಿಯ ತುದಿಗೆ ಬಂದಿತ್ತು.

ಅವಳಿಗೆ ನಿಂತು ಸಾಕಾಗಿತ್ತು. ಎರಡನೇ ಟ್ರೇ ನೋಡಿಕೊಳ್ಳಲು ಅಮ್ಮಿಗೆ ಹೇಳಿ, ಅವಳನ್ನು ಮನೆಗೆ ಬಿಟ್ಟು ಬಂದೆ. ಬರುವಷ್ಟರಲ್ಲಿ ಬೀದಿಗೇ ಸೀದ ವಾಸನೆ. ಆರಕ್ಕೆ ಆರೂ ಸುಟ್ಟು ಇದ್ದಿಲಾಗಿದ್ದವು. ಅಮ್ಮಿ ಬಟ್ಟಿಯ ಮುಂದೆಯೇ ಕೂತಿದ್ದಾಳೆ! ಹಸಿದ ಹೊಟ್ಟೆಯಲ್ಲಿ ತೂಕಡಿಸಿರಬೇಕು ಎಂದುಕೊಂಡು ಸ್ವಲ್ಪ ರೇಗಿದೆ, ಅವಳು ಟ್ರೇ ಎಳೆದುಕೊಂಡು ತಳ ಉಜ್ಜಲು ಕೂತಳು. ಒಂದು ಬನ್ನು ಸೀದರೂ ಊರು ಕೇಳುವ ಹಾಗೆ ಕೂಗಾಡುವ ಶಿವರಾಮಯ್ಯನವರು ನಿನ್ನೆ ತಲೆ ಬಗ್ಗಿಸಿ ಮೈದಾ ಜರಡಿ ಹಿಡಿಯುತ್ತಿದ್ದರು. ಅವರಿಗೂ ವಯಸ್ಸಾಯಿತು.

ಅರ್ಫಾತ್, ಇಷ್ಟೇ ಕೇಳಿಕೊಳ್ಳುವುದು. ನೀನು ಎಲ್ಲಿದ್ದೀಯ ಎಂದು ನನಗೊಬ್ಬಳಿಗಾದರೂ ನಿಜ ಬರೆ. ಡಿಸೆಂಬರಿಗೆ ಕಾಂಟ್ರಾಕ್ಟ್ ಮುಗಿಯುತ್ತದೆ, ಮತ್ತೆ ಸಹಿ ಹಾಕಬೇಡ, ಬಂದುಬಿಡು. ಅಮ್ಮಿಗೆ ಈ ವಿಷಯ ತಿಳಿದರೆ ಅವಳ ಬಿ.ಪಿ. ಏನಾಗುತ್ತದೋ ಎಂದು ಹೆದರಿ ಎಲ್ಲವನ್ನೂ ನಾನೊಬ್ಬಳೇ ನುಂಗಿಕೊಂಡು ಓಡಾಡುತ್ತಿದ್ದೇನೆ. ಜುಮ್ಮಾ ನಮಾಜಿಗೆ ಇಲ್ಲಿಗೆ ಬಂದಿದ್ದ ನಿನ್ನ ಭಾವ ಐದು ಗಂಟೆಯ ಬಸ್ಸಿಗೆ ವಾಪಸ್ಸು ಹೊರಟಿದ್ದಾರೆ, ಈ ಕಾಗದ ಗಂಗಹನುಮಯ್ಯನ ಕೈಗೆ ಕೊಡುತ್ತಾರೆ. ಅಂಬ್ರೀನ್ ಸಲಾಂ ಹೇಳಿದ್ದಾಳೆ. ಹೊಟ್ಟೆಯಲ್ಲಿರುವುದು ನಿನ್ನ ತಿಂಡಿ ತಿಂದಾಗಿನಿಂದ ಒಂದೇ ಸಮ ಒದೆಯುತ್ತಿದೆಯಂತೆ. ಅಲ್ಲಾಹ್ ನಿನ್ನ ತಲೆಯ ಮೇಲೆ ಕೈ ಇಟ್ಟಿರಲಿ, ಈ ಈದಿನ ದುವಾ ಎಲ್ಲವೂ ನಿನಗೇ.

ಇಂತಿ ನಿನ್ನ ಆಪಾ,
ಜುಬೇದಾ

ವಿ.ಸೂ.: ಕವರಿಗೆ ಹಾಕಿದ್ದನ್ನು ಮತ್ತೆ ತೆಗೆದು ಬರೆಯುತ್ತಿದ್ದೇನೆ. ನಿನ್ನ ಭಾವ ಚಪ್ಪಲಿ ಹಾಕಿಕೊಂಡು ಬಾಗಿಲಲ್ಲಿ ನಿಂತಿದ್ದಾರೆ. ಅಮ್ಮಿಗೆ ಎಲ್ಲಾ ಗೊತ್ತು ಕಣೋ, ಕವರು ಅಂಟಿಸುವುದನ್ನು ನೋಡಿ ಈಗಷ್ಟೇ ಅವಳೇ ಹೇಳಿದಳು. ಬುಧವಾರ ನಸುಕಿನಲ್ಲಿ, ರೋಜಾ ಹಿಡಿಯುವ ಮೊದಲು, ಮಾತ್ರೆಗೆಂದು ನನ್ನ ಪರ್ಸಿಗೆ ಕೈ ಹಾಕಿದಾಗ ನಿನ್ನ ಹಾಳೆ ಸಿಕ್ಕಿದೆ. ಓದು ಬರದಿದ್ದರೂ ನಿನ್ನ ಅಕ್ಷರದ ಗುರುತು ಅವಳಿಗಿಲ್ಲವೇ? ನಾನು ಸೇಬಿಗೆ ಹೋಗಿದ್ದಾಗ ಶಿವರಾಮಯ್ಯನವರ ಹತ್ತಿರ ಓದಿಸಿ, ಇದ್ದಂತೆಯೇ ಮಡಿಸಿ ಇಟ್ಟಿದ್ದಾಳೆ. ನಿನ್ನೆ ಅವಳು ತೂಕಡಿಸಿಯೇ ಇರಲಿಲ್ಲ. ಸೀದ ವಾಸನೆಗೆ ಶಿವರಾಮಯ್ಯನವರು ಟ್ರೇ ತೆಗೆಯಲು ಎದ್ದರೆ, "ಕೂತ್ಕೊಳ್ಳಿ ಸ್ವಾಮಿ, ಸುಡ್ಲಿ" ಎಂದು ತಡೆದವಳು ಅವಳೇ. ಈಗ ನನ್ನ ಪಕ್ಕದಲ್ಲೇ ಕೂತಿದ್ದಾಳೆ. ಉರ್ದುವಿನಲ್ಲಿ ಹೇಳುತ್ತಿರುವುದನ್ನು ನಮ್ಮೂರ ಕನ್ನಡದಲ್ಲಿ ಹಾಗೇ ಇಳಿಸುತ್ತಿದ್ದೇನೆ: "ಬರಿ ಜುಬ್ಬಿ. ಒಂದ್ ಟ್ರೇ ಪೂರ್ತಿ ಸುಟ್ಟೋಯ್ತು ಅಂತ ಬರಿ. ನಾನು ಬೈಲಿಲ್ಲ, ಶಿವರಾಮಯ್ಯನೋರೂ ಬೈಲಿಲ್ಲ, ತಳ ಉಜ್ಜಿ ತೊಳ್ದು ಇಟ್ಬುಟ್ವಿ ಅಂತ ಬರಿ. ಸೈರನ್ ಆದ್ರೆ ಟ್ರೇ ಕಡೆ ತಿರುಗೂ ನೋಡ್ದೆ ಓಡು ಮಗಾ ಅಂತ ಬರಿ."